ನೂರು ಚೌಕದ ಗೋಡೆ

ಯಾರಾದರೂ ಹೊಸ ಸಾಮಾನು ತಂದರೆ ಲೋಕವೆಲ್ಲ "ಎಷ್ಟಕ್ಕ ತಂದ್ರಿ?" ಎಂದು ಕೇಳುತ್ತದೆ. ನಮ್ಮ ಡ್ರಾಯಿಂಗ್ ಮಾಸ್ತರು ಮಾತ್ರ "ಎಷ್ಟಕ್ಕ ಬಿತ್ತು?" ಎಂದು ಕೇಳುತ್ತಿದ್ದರು. ಒಂದು ದಿನ ಹಿಂದಿ ಮಾಸ್ತರು ಹೊಸ ಸೈಕಲ್ಲಿನ ಮೇಲೆ ಸಾಲಿಗೆ ಬಂದಿಳಿದರು.

"ಎಷ್ಟಕ್ಕ ಬಿತ್ರಿ?"

"ಐದನೂರಾ ಐವತ್ತು."

"ರೋಖೋ, ಕಂತೋ?"

"ಕಂತ್ರಿ."

ಡ್ರಾಯಿಂಗ್ ಮಾಸ್ತರು ಒಂದು ಕಣ್ಣು ಮುಚ್ಚಿದರು. ಚಿತ್ರ ಬರೆಯುವಾಗ ಮಾಡುವ ಹಾಗೆ ಕೈ ಚಾಚಿ, ಹೆಬ್ಬೆರಳೆತ್ತಿ ಸೈಕಲ್ಲನ್ನು ಅಳೆದರು. "ಹಂಗಾರ ಬಿದ್ದಿಲ್ರಿ, ಇನ್ನೂ ಬೀಳಾಕತ್ತೈತಿ. ನೆಲಾ ಮುಟ್ಟಿದ ಮ್ಯಾಲ ಹೇಳ್ರಿ."

ಹಿಂದಿ ಮಾಸ್ತರು ಎರಡು ದಿನ ಅವರ ಕೂಡ ಮಾತು ಬಿಟ್ಟರು.

ಹೋದ ತಿಂಗಳು ಡ್ರಾಯಿಂಗ್ ಮಾಸ್ತರು ತೀರಿಕೊಂಡ ಸುದ್ದಿ ಬಂತು. ಅವರ ಬಗ್ಗೆ ಬರೆಯಲು ಕೂತರೆ ಜನನ, ವಿದ್ಯಾಭ್ಯಾಸ, ಸೇವೆ ಎಂದು ಬರೆಯಲು ನನ್ನಿಂದಾಗದು. ನನಗೆ ಗೊತ್ತಿರುವುದು ಅವರು ಒಂದು ಮನೆಯನ್ನು ತಮ್ಮದು ಮಾಡಿಕೊಂಡ ಬಗೆ. ಅದರಲ್ಲಿ ಅವರು ಪೂರಾ ಇದ್ದಾರೆ.

ಎಂಬತ್ತೊಂದರ ಜೂನಿನಲ್ಲಿ ನಾನು ನವಲಗುಂದದ ಹೈಸ್ಕೂಲಿಗೆ ಗಣಿತ ಕಲಿಸಲು ಬಂದೆ. ಮಿಶ್ರಿಕೋಟಿಯ ನಮ್ಮ ಮನೆತನದಲ್ಲಿ ಪದವಿ ಪಡೆದವನು ನಾನೇ ಮೊದಲಿಗ. ಇದನ್ನು ಹೇಳಿಕೊಳ್ಳಲು ನನಗೆ ಸಂಕೋಚವಿಲ್ಲ. ಮುಂಜಾನೆ ಗದ್ದೆಯ ಕೆಸರು ತೊಳೆದುಕೊಂಡು, ಹುಬ್ಬಳ್ಳಿ ಬಸ್ಸಿನಲ್ಲಿ ನಿಂತುಕೊಂಡು ಹೋಗಿ ಗಳಿಸಿದ ಬಿ.ಎಸ್ಸಿ. ಅದು. ಊರ ಹಿರಿಯರು ನನ್ನಪ್ಪನನ್ನು "ಏನ್ ಮಾಡ್ತಾನ ಇಷ್ಟ ಓದಿ?" ಎಂದು ಕೇಳಿದಾಗಲೆಲ್ಲ ನನ್ನಪ್ಪ "ಗೊತ್ತಿಲ್ಲ, ಆದ್ರ ಮಾಡ್ತಾನ" ಎನ್ನುತ್ತಿದ್ದ. ಆ ಪ್ರಶ್ನೆಗೆ ನನಗೆ ಸಿಕ್ಕ ಮೊದಲ ಉತ್ತರ ಡ್ರಾಯಿಂಗ್ ಮಾಸ್ತರ ಮನೆಯ ಗೋಡೆ.

ಮಾಸ್ತರು ಎತ್ತರದ ಆಳು. ಧೋತರ, ಕರಿ ಕೋಟು, ಹಣೆಯ ಮೇಲೆ ವಿಭೂತಿ. ಕೋಟಿನ ಕಿಸೆಯಲ್ಲಿ ಉಳಿದವರು ಪೆನ್ನು ಇಡುವ ಜಾಗದಲ್ಲಿ ಇವರ ಕುಂಚ. ಮೂಲ ಕಲಘಟಗಿಯವರು, ತೊಟ್ಟಿಲಿಗೆ ಬಣ್ಣ ಬರೆಯುವ ಮನೆತನ. ಅವರ ಹೆಂಡತಿಯನ್ನು ನಾವೆಲ್ಲ ಅಕ್ಕಾವ್ರು ಎನ್ನುತ್ತಿದ್ದೆವು. ಅಕ್ಕಾವ್ರು ಮದುವೆಯಾದಂದಿನಿಂದ ಗಂಡನಿಗೆ ವರ್ಗವಾದಲ್ಲೆಲ್ಲ, ಕುಂದಗೋಳ, ಅಣ್ಣಿಗೇರಿ ಎಂದು ಬಾಡಿಗೆ ಮನೆಯಿಂದ ಬಾಡಿಗೆ ಮನೆಗೆ ಭಾಂಡೆ ಹೊತ್ತು ತಿರುಗಿದವರು. ಒಂದು ಮನೆಯ ಮಾಲಕ ಗೋಡೆಗೆ ಮೊಳೆ ಹೊಡೆಯಬೇಡಿ ಎಂದನಂತೆ, ಇನ್ನೊಬ್ಬ ಒಗ್ಗರಣೆಯ ಹೊಗೆಗೆ ತಕರಾರು ತೆಗೆದನಂತೆ. ನವಲಗುಂದದಲ್ಲಿ ಎರಡು ಖೋಲಿ, ಒಂದು ಪಡಸಾಲೆಯ ಸ್ವಂತ ಮನೆ ಎದ್ದಾಗ ಅವರು ಗಂಡನಿಗೆ ಒಂದೇ ಮಾತು ಹೇಳಿದ್ದರು: "ಇನ್ನ ಈ ಮನಿಯಿಂದ ನನ್ನ ಹೆಣಾನ ಹೊರಗ ಹೋಗೂದು. ನೀವೇನರ ಮಾಡ್ರಿ."

ಏನಾದರೂ ಮಾಡುವುದು ಎಂದರೆ ಇದು. ಮನೆಗಾಗಿ ಮಾಸ್ತರು ಊರಿನ ಒಂದು ಸೊಸಾಯಿಟಿಯಲ್ಲಿ ಇಪ್ಪತ್ತೈದು ಸಾವಿರ ತೆಗೆದಿದ್ದರು. ನೂರಕ್ಕೆ ಹನ್ನೆರಡು ಬಡ್ಡಿ, ಹದಿನೈದು ವರ್ಷದ ಮುದ್ದತ್ತು, ತಿಂಗಳಿಗೆ ಮುನ್ನೂರು ಕಂತು. ಸಾಲ ತೀರುವವರೆಗೆ ಮನೆಯ ಕಾಗದ ಸೊಸಾಯಿಟಿಯಲ್ಲಿ ಗಿರವಿ. ಆದರೆ ಸಾಲ ತೆಗೆದ ದಿನ ಮಾಸ್ತರ ನೌಕರಿ ಉಳಿದಿದ್ದದ್ದು ಒಂಬತ್ತೇ ವರ್ಷ. ನಿವೃತ್ತಿಯ ದಿನ ಬಾಕಿಯನ್ನೆಲ್ಲ ಒಂದೇ ಗಂಟಿನಲ್ಲಿ ತುಂಬಬೇಕು, ಆಗದಿದ್ದರೆ ಮನೆ ಸೊಸಾಯಿಟಿಯದು. ಹಾಗೆಂದು ಬರೆದ ಕಾಗದಕ್ಕೆ ಮಾಸ್ತರು ಸಹಿ ಹಾಕಿದ್ದರು, ಹೆದರದೆ. ಒಂಬತ್ತು ವರ್ಷ ಕಟ್ಟಿದ ಮೇಲೆ ಆರು ವರ್ಷದ್ದು ಉಳಿಯುತ್ತದೆ, ಅಂದರೆ ಹತ್ತು ಸಾವಿರ. ನಿವೃತ್ತಿಗೆ ಬರುವ ಗಂಟಿನಲ್ಲಿ ಅದನ್ನು ಬಿಸಾಕಿ, ಮಿಕ್ಕಿದ್ದರಲ್ಲಿ ಅಕ್ಕಾವ್ರಿಗೆ ಕಾಶಿ ತೋರಿಸುವುದು. ಇದು ಅವರ ಲೆಕ್ಕ.

ನಾನು ಆ ಮನೆಗೆ ಮೊದಲ ಸಲ ಹೋದದ್ದು ದೀಪಾವಳಿಯ ಮುಂದೆ. ಓಣಿಯ ಮನೆಗಳೆಲ್ಲ ಸುಣ್ಣ ಹಚ್ಚಿಕೊಂಡು ಬೆಳ್ಳಗಾಗಿದ್ದವು. ಇವರ ಮನೆಯ ಮುಂದಿನ ಗೋಡೆ ಮಣ್ಣಿನ ಬಣ್ಣದಲ್ಲೇ ಇತ್ತು. ಅದರ ಮೇಲೆ ಕೆಂಪು ಗೆರೆ ಹೊಡೆದು ಚೌಕ ಮಾಡಿದ್ದರು, ಅಡ್ಡ ಹತ್ತು, ಉದ್ದ ಹತ್ತು. ಸಣ್ಣ ಚಿತ್ರವನ್ನು ಗೋಡೆಯ ಮೇಲೆ ದೊಡ್ಡದಾಗಿ ಬರೆಯಬೇಕಾದರೆ ಚಿತ್ರಗಾರರು ಹೀಗೆ ಚೌಕ ಹೊಡೆದುಕೊಂಡು, ಒಂದೊಂದೇ ಚೌಕ ತುಂಬಿಸುತ್ತ ಹೋಗುತ್ತಾರೆ. ಮಾಸ್ತರು ಬಕೀಟು ಹಿಡಿದು ಕೆಳಗಿನ ಮೂಲೆಯ ಚೌಕಗಳಿಗೆ ಸುಣ್ಣ ಹಚ್ಚುತ್ತಿದ್ದರು.

"ಇದೇನ್ರಿ ಮಾಸ್ತರ, ಇಷ್ಟಕ್ಕ ಸುಣ್ಣ?"

"ಇಷ್ಟ ನಂದು, ಉಳಿದದ್ದು ಸೊಸಾಯಿಟಿದು. ಮಂದಿ ಗ್ವಾಡಿಗೆ ನಾ ಯಾಕ ಸುಣ್ಣ ಹಚ್ಚಲಿ?"

ಒಂದು ಚೌಕಕ್ಕೆ ಇನ್ನೂರಾ ಐವತ್ತು. ನೂರು ಚೌಕಕ್ಕೆ ಇಪ್ಪತ್ತೈದು ಸಾವಿರ. ಹದಿನೈದು ವರ್ಷಕ್ಕೆ ಹಂಚಿದರೆ ವರ್ಷಕ್ಕೆ ಆರೂಮುಕ್ಕಾಲು ಚೌಕದ ಆಸುಪಾಸು. ಅಷ್ಟನ್ನು ಅವರು ನೀಟಾಗಿ ಹಚ್ಚಿದ್ದರು. ನನಗೆ ಆ ಹುಚ್ಚು ಹಿಡಿಸಿತು. ಆದರೆ ಗಣಿತದವನ ಬಾಯಿ ಸುಮ್ಮನಿರುವುದಿಲ್ಲ.

"ಮುನ್ನೂರು ಕಂತಿನಾಗ ಬಡ್ಡಿ ಎಷ್ಟು, ಅಸಲೆಷ್ಟು?"

ಕುಂಚ ನಿಂತಿತು. ಊರ ಸೈಕಲ್ಲು, ಗಡಿಯಾರ, ಹೊಲಿಗೆ ಯಂತ್ರಗಳಿಗೆಲ್ಲ "ಎಷ್ಟಕ್ಕ ಬಿತ್ತು" ಎಂದು ಕೇಳಿದ ಮನುಷ್ಯ ತನ್ನ ಮನೆಗೆ ಅದನ್ನು ಕೇಳಿರಲಿಲ್ಲ. ಅವರಿಗೆ ಸಿಟ್ಟು ಬರುತ್ತದೆ ಎಂದುಕೊಂಡೆ. ಬರಲಿಲ್ಲ. ಕಣ್ಣು ಅರಳಿದವು. ಹೊಸ ಬಣ್ಣ ಕಂಡ ಕೂಸಿನ ಹಾಗೆ ನನ್ನನ್ನೇ ನೋಡುತ್ತ, "ಏ ಗ್ರಾಜುವೇಟ್ ಸಾಹೇಬ್ರ, ಇದನ್ನ ತಿಳಕೋಬೇಕಲ್ಲ! ನಡೀರಿ, ಹೋಗೂಣು" ಎಂದು ಸುಣ್ಣದ ಕೈಯಲ್ಲೇ ಸೊಸಾಯಿಟಿಗೆ ಹೊರಟರು.

ಸೊಸಾಯಿಟಿಯ ಕಾರಕೂನ ಸಭ್ಯ ಮನುಷ್ಯ. ಬಾಕಿ ನೋಡಿ ಹೇಳಿದ: "ಇಪ್ಪತ್ನಾಕು ಸಾವಿರದ ಮುನ್ನೂರಾ ಅರವತ್ತಾರು ಅದ ನೋಡ್ರಿ."

"ವರ್ಷಾದ್ಯಂತ ಮೂರು ಸಾವಿರದ ಆರನೂರು ತುಂಬೇನಲ್ರಿ?"

"ತುಂಬೀರಿ. ಯಾರ್ ಇಲ್ಲಂದ್ರು?"

ಹೊರಗೆ ಕಟ್ಟೆಯ ಮೇಲೆ ಕೂತು ನಾನು ಕಿಸೆಯಲ್ಲಿದ್ದ ಸೀಮೆಸುಣ್ಣದ ಖಡುವಿನಿಂದ ಫರಸಿ ಕಲ್ಲಿನ ಮೇಲೆ ಬರೆದು ತೋರಿಸಿದೆ. ಇಪ್ಪತ್ತೈದು ಸಾವಿರಕ್ಕೆ ಮೊದಲ ತಿಂಗಳ ಬಡ್ಡಿಯೇ ಇನ್ನೂರಾ ಐವತ್ತು. ನೀವು ಕೊಟ್ಟ ಮುನ್ನೂರರಲ್ಲಿ ಮನೆಗೆ ಬಿದ್ದದ್ದು ಐವತ್ತು. ಮುಂದಿನ ತಿಂಗಳು ಐವತ್ತರ ಮೇಲೆ ಎಂಟಾಣೆ. ಹೀಗೇ ಇಂಚು ಇಂಚು. ಸಾಲದ ಅರ್ಧ ಕರಗಲು ಹತ್ತೂವರೆ ವರ್ಷ ಬೇಕು, ಉಳಿದರ್ಧ ನಾಲ್ಕೂವರೆ ವರ್ಷದಲ್ಲಿ ಓಡಿಹೋಗುತ್ತದೆ. ಹದಿನೈದು ವರ್ಷ ತುಂಬಿದರೆ ಒಟ್ಟು ಕೊಡುವುದು ಐವತ್ನಾಲ್ಕು ಸಾವಿರ. ನಿಮ್ಮ ನಿವೃತ್ತಿಯ ದಿನ ಬಾಕಿ ಹತ್ತು ಸಾವಿರವಲ್ಲ, ಹದಿನೈದು ಸಾವಿರದ ಮೇಲೆ. ನಿವೃತ್ತಿಯ ಗಂಟು ಅಷ್ಟಾಗುವುದೇ ಅನುಮಾನವಿತ್ತು.

ಮಾಸ್ತರು ಎದ್ದು ಮನೆಗೆ ಹೋಗಿ, ಒಂದು ಖುರ್ಪಿ ತಗೊಂಡು, ಮುಂಜಾನೆ ಹಚ್ಚಿದ ಸುಣ್ಣವನ್ನು ಕೆರೆಯತೊಡಗಿದರು. ಎರಡೂವರೆ ಚೌಕ ಉಳಿಸಿ ಮಿಕ್ಕಿದ್ದನ್ನೆಲ್ಲ ಕೆರೆದರು. ಅಕ್ಕಾವ್ರು ಓಡಿ ಬಂದರು.

"ಅಯ್ಯ ಶಿವನ! ಹಬ್ಬದಾಗ ಮಂದಿ ಸುಣ್ಣಾ ಹಚ್ಚತಾರ, ನೀವು ಕೆರೀತೀರಿ! ತಲಿ ನೆಟ್ಟಗೈತಿಲ್ಲೋ?"

"ಕೇಳಿಲ್ಲೆ. ನಾ ಬಣ್ಣಾ ಸುಳ್ಳ ಹಚ್ಚಿದ್ದೆ. ತೆಗ್ಯಾಕ ಬೇಕಲ್ಲ."

ಓಣಿಯಲ್ಲಿ ಅದು ಪಗಡಿ ಹಾಸಿನ ಮನೆ ಎಂದು ಹೆಸರಾಯಿತು. ಬಾಜು ಮನೆಯಲ್ಲಿ ಜಮಖಾನೆ ನೇಯುವ ಒಬ್ಬ ಅಮ್ಮ ಇದ್ದಳು. ಆಕೆ ಗೋಡೆ ನೋಡಿ, "ಮಾಸ್ತರ, ನಾವೂ ಚೌಕಾ ಹಾಕೇ ನೇಯತೀವ್ರಿ. ಆದ್ರ ವರ್ಷಕ್ಕ ಎರಡೂವರಿ ಚೌಕಾ ನೇದ್ರ ಯಾವ ಸಾವಕಾರ ಕೂಲಿ ಕೊಡ್ತಾನ?" ಎಂದಳು. ಮಾಸ್ತರಿಗೆ ಆ ಮಾತು ಎಷ್ಟು ಹಿಡಿಸಿತೆಂದರೆ ವಾರಗಟ್ಟಲೆ ಎಲ್ಲರಿಗೂ ಹೇಳಿಕೊಂಡು ನಕ್ಕರು.

ಸಾಲದ ಬಗ್ಗೆ ಅವರಿಗೆ ಹೆದರಿಕೆಗಿಂತ ಕುತೂಹಲ ಹೆಚ್ಚು. ಒಂದು ರವಿವಾರ ನನ್ನನ್ನು ಹುಬ್ಬಳ್ಳಿ ರಸ್ತೆಗೆ ಕರೆದುಕೊಂಡು ಹೋಗಿ ಟೆಲಿಫೋನ್ ಕಂಬಗಳ ಸಾಲು ತೋರಿಸಿದರು. ಎರಿ ಹೊಲದ ನಡುವೆ ರಸ್ತೆ ನೆಟ್ಟಗೆ ಹೋಗುತ್ತದೆ, ಕಂಬಗಳು ಸಣ್ಣದಾಗುತ್ತ ಆಗುತ್ತ ಕಡ್ಡಿಯಾಗುತ್ತವೆ. "ಹುಡುಗ್ರಿಗೆ ಇಪ್ಪತ್ತು ವರ್ಷದಿಂದ ಕಲಸಾಕತ್ತೇನಿ, ದೂರದ್ದು ಸಣ್ಣದ ಬರೀರಿ ಅಂತ. ಆದ್ರ ಆ ಕಡೀ ಕಂಬಾ ಸಣ್ಣದೈತೇನು? ಹೋಗಿ ಬಾಜು ನಿಂತ್ರ ಇದರಷ್ಟ ಎತ್ತರ. ಹದಿನೈದನೇ ವರ್ಷದ ಕಂತೂ ಮುನ್ನೂರ ರೂಪಾಯಿ. ನಾ ಸಹಿ ಹಾಕೂಮುಂದ ಅದನ್ನ ಚಿತ್ರದಾಗ ನೋಡಿದೆ, ಬಾಜು ಹೋಗಿ ನಿಂದರಲಿಲ್ಲ."

ನಾನು ಲೆಕ್ಕ ಹಾಕಿದೆ. ಇಲ್ಲಿಂದ ತಿಂಗಳಿಗೆ ನೂರು ರೂಪಾಯಿ ಹೆಚ್ಚಿಗೆ ಕಟ್ಟಿದರೆ, ಆ ನೂರು ಪೂರಾ ಅಸಲಿಗೆ ಬಿದ್ದರೆ, ಸಾಲ ನಿವೃತ್ತಿಯ ಹೊತ್ತಿಗೆ ಮುಗಿಯುತ್ತದೆ. ಮೂರಕ್ಕೆ ಒಂದು ಕೂಡಿಸಿದರೆ ಹಿಂದಿನಿಂದ ಆರು ವರ್ಷ ಕಳಚಿ ಬೀಳುತ್ತವೆ. ಅದನ್ನು ನೋಡಿ ನನಗೇ ಆಶ್ಚರ್ಯವಾಯಿತು. ಎರಡು ಸಲ ತಾಳೆ ಹಾಕಿದೆ. ಸೂತ್ರ ಪುಸ್ತಕದಲ್ಲಿ ಓದಿದ್ದೆ, ಪರೀಕ್ಷೆಯಲ್ಲಿ ಬರೆದು ಅಂಕ ಪಡೆದಿದ್ದೆ. ಅದಕ್ಕೆ ಬಾಗಿಲು, ಕಿಟಕಿ, ಒಲೆ ಇರುತ್ತವೆ ಎಂದು ಗೊತ್ತಾದದ್ದು ಅಂದು.

ನೂರು ರೂಪಾಯಿ ಎಲ್ಲಿಂದ? ಬೇಸಿಗೆಯ ಸೂಟಿಯಲ್ಲಿ ಮಾಸ್ತರು ಕಲಘಟಗಿಗೆ ಹೋಗಿ ಅಣ್ಣತಮ್ಮಂದಿರ ಕೂಡ ತೊಟ್ಟಿಲಿಗೆ ಬಣ್ಣ ಬರೆದರು. ಊರಲ್ಲಿ ಅಂಗಡಿಗಳ ಬೋರ್ಡು ಬರೆದರು. "ಹುಟ್ಟೂ ಮಕ್ಕಳೆಲ್ಲಾ ನನ್ನ ಸಾಲಾ ತೀರಸಾಕ ಬರಾಕತ್ತಾವ" ಎಂದು ನಗುತ್ತಿದ್ದರು. ತಿಂಗಳು ತಪ್ಪದೆ ಮುನ್ನೂರರ ಜೋಡಿ ನೂರು ಕಟ್ಟಿದರು. ಮರುವರ್ಷ ದೀಪಾವಳಿಗೆ ಹತ್ತು ಚೌಕದ ಮೇಲಾಗಬೇಕು ಎಂದು ನಾನು ಹೇಳಿದ್ದೆ. ಸುಣ್ಣ ನೆನೆ ಹಾಕಿ ಸೊಸಾಯಿಟಿಗೆ ಹೋದೆವು. ಕಾರಕೂನ ಹೇಳಿದ ಬಾಕಿಯ ಪ್ರಕಾರ ಐದೂ ಚಿಲ್ಲರೆ ಚೌಕ.

ಮಾಸ್ತರು ನನ್ನ ಕಡೆ ನೋಡಿದರು. ನನ್ನ ಬಿ.ಎಸ್ಸಿ. ಕಾಲ ಕೆಳಗಿನಿಂದ ಜಾರಿದಂತಾಯಿತು.

"ನೂರರಂಗ ಹೆಚ್ಚಿಗೆ ತುಂಬಿದ್ದೆಲ್ಲೆ ಹೋತ್ರಿ?" ಎಂದು ಕೇಳಿದೆ.

ಕಾರಕೂನನ ಮುಖ ಅರಳಿತು. "ಎಲ್ಲಿ ಹೋಗ್ತದ್ರಿ, ಭದ್ರ ಅದ! ಹನ್ನೆರಡನೂರು ಮುಂಗಡ ಕಂತು ಅಂತ ಬ್ಯಾರೆ ಇಟ್ಟೇನಿ. ಮುಂದಿನ ನಾಕ ತಿಂಗಳು ನೀವು ಕಂತ ಕಟ್ಟೂದ ಬ್ಯಾಡ. ಆರಾಮ ಇರ್ರಿ."

ಅವನು ಉಪಕಾರ ಮಾಡಿದೆ ಎಂದೇ ತಿಳಿದಿದ್ದ. ಆ ಹಣ ಒಂದು ಮೂಲೆಯಲ್ಲಿ ಸುಮ್ಮನೆ ಕೂತಿತ್ತು. ಬಡ್ಡಿ ಮಾತ್ರ ಪೂರಾ ಬಾಕಿಯ ಮೇಲೆ ನಡೆದಿತ್ತು.

ಮಾಸ್ತರು ಮೇಜಿನ ಮೇಲೆ ಎರಡೂ ಕೈ ಊರಿದರು. ದನಿ ಏರಲಿಲ್ಲ. "ರಾಯರ, ನನಗ ಮುಂದಿನ ನಾಕ ತಿಂಗಳು ಬ್ಯಾಡ. ಕಡೀ ಆರು ವರ್ಷ ಬೇಕು. ಅವನ್ನ ಕೊಡ್ರಿ."

"ಹಂಗ ಯಾರೂ ಕೇಳಿಲ್ರಿ ಇಲ್ಲಿತನಕ."

"ಕೇಳಿಲ್ಲಂದ್ರ ಇಲ್ಲಂತಲ್ಲಲ್ಲ."

ಮ್ಯಾನೇಜರರ ಹತ್ತಿರ ಹೋದೆವು. ಅವರು ಕನ್ನಡಕ ಒರೆಸಿಕೊಂಡು ನಿಯಮ ತೆಗೆದು ಓದಿದರು. ನೇರ ಅಸಲಿಗೆ ಜಮಾ ಮಾಡಲು ಬರುತ್ತದೆ, ಆದರೆ ವರ್ಷಕ್ಕೊಮ್ಮೆ, ಮಾರ್ಚಿನಲ್ಲಿ, ಒಂದೇ ಗಂಟಿನಲ್ಲಿ, 'ಅಸಲಿಗೆ' ಎಂದು ಅರ್ಜಿ ಬರೆದುಕೊಟ್ಟರೆ. ಈ ಸಲದ ಹನ್ನೆರಡು ನೂರನ್ನು ಮಾತ್ರ ವಿನಾಯಿತಿ ಕೊಟ್ಟು ಅಂದೇ ಅಸಲಿಗೆ ತಿರುಗಿಸಿದರು. ಆಗಿಹೋದ ಬಡ್ಡಿಯನ್ನು ಬಿಡಲಿಲ್ಲ. ಹೊರಗೆ ಬಂದು ಮಾಸ್ತರು, "ಸಣ್ಣ ಫೀ ಕೊಟ್ಟು ದೊಡ್ಡ ಪಾಠ ಕಲತ್ವಿ" ಎಂದರು. ಅಂದು ನಾವು ಐದಲ್ಲ, ಹತ್ತು ಚೌಕಕ್ಕೆ ಸುಣ್ಣ ಹಚ್ಚಿದೆವು.

ಆ ಗೋಡೆ ಬರಬರುತ್ತ ಊರಿನ ಪಾಠದ ಹಲಗೆಯಾಯಿತು. ಮನೆ ಕಟ್ಟಬೇಕೆನ್ನುವವರು ಬಂದು ಎದುರಿಗೆ ನಿಂತು ನೋಡುತ್ತಿದ್ದರು. ಮಾಸ್ತರು ಯಾರಿಗೂ ಸಾಲ ಮಾಡಬೇಡಿ ಎನ್ನಲಿಲ್ಲ. "ಮಾಡ್ರಿ. ಸಾಲಾ ಇಲ್ದ ಮಾಸ್ತರ ಮಂದಿ ಮನಿ ಹೆಂಗ ಕಟ್ಟಬೇಕು? ಆದ್ರ ಕಂತ ಎಷ್ಟಂತ ಕೇಳಬ್ಯಾಡ್ರಿ, ಮುಗಿಯೂದ್ರಾಗ ಎಷ್ಟಾಗ್ತೈತಿ ಅಂತ ಕೇಳ್ರಿ." ಮುಂದೆ ನಾನು ಧಾರವಾಡದಲ್ಲಿ ಮನೆ ಕಟ್ಟುವಾಗ ಸಹಿ ಹಾಕುವ ಮೊದಲು ಇದೇ ಮಾತು ಕೇಳಿದೆ. ಎದುರಿಗಿದ್ದ ಅಧಿಕಾರಿಗೆ ಉತ್ತರ ಹುಡುಕಲು ಅರ್ಧ ತಾಸು ಹಿಡಿಯಿತು.

ಎಲ್ಲ ಮಾರ್ಚೂ ಸಲೀಸಾಗಿ ಬರಲಿಲ್ಲ. ಸಾಲದ ಐದನೇ ವರ್ಷ ಕಲಘಟಗಿಯಲ್ಲಿ ಮಾಸ್ತರ ತಾಯಿ ಜಡ್ಡು ಬಿದ್ದರು. ಹುಬ್ಬಳ್ಳಿಯ ದವಾಖಾನೆಗೆ ಹಾಕಿದರು. ಮಾರ್ಚಿನ ಗಂಟು ಅಲ್ಲಿಗೇ ಹೋಯಿತು. ಮುದುಕಿ ಬದುಕಿದರು. ಅದರ ಬಗ್ಗೆ ಮಾಸ್ತರು ಎಂದೂ ಚಕಾರ ಎತ್ತಲಿಲ್ಲ. ಆದರೆ ತಪ್ಪಿದ ಹನ್ನೆರಡು ನೂರು ನಿವೃತ್ತಿಯ ದಿನಕ್ಕೆ ಎಷ್ಟಾಗುತ್ತದೆ ಎಂದು ಕೇಳಿದರು. ಹತ್ತೊಂಬತ್ತು ನೂರರ ಮೇಲೆ ಎಂದೆ. ಅಷ್ಟು ಕಡಿಮೆ ಬಿದ್ದರೂ ಕಾಗದ ಸೊಸಾಯಿಟಿಯಲ್ಲೇ ಉಳಿಯುತ್ತಿತ್ತು, ಇಲ್ಲವೇ ಕಾಶಿಯ ಗಂಟನ್ನು ಒಡೆಯಬೇಕಿತ್ತು. ಆ ವರ್ಷ ಅವರು ಹೆಬ್ಬೆರಳೆತ್ತಿ ಯಾವುದನ್ನೂ ಅಳೆಯಲಿಲ್ಲ.

ದಾರಿ ಹುಡುಕಿದವರು ಅಕ್ಕಾವ್ರು. ಒಂದು ದಿನ ನಾವಿಬ್ಬರೂ ಸಾಲಿಯಿಂದ ಬರುವಷ್ಟರಲ್ಲಿ ಮುಂದಿನ ಖೋಲಿಯ ಸಾಮಾನನ್ನೆಲ್ಲ ಪಡಸಾಲೆಗೆ ತಂದು ಹಾಕಿದ್ದರು. ನನಗೆ ಹೇಳಿದರು: "ಮಾಸ್ತರ, ನೀವು ಬಾಡಿಗಿ ಹಿಡದ ಆ ಕತ್ತಲ ಖೋಲಿಗೆ ತಿಂಗಳಿಗೆ ನಾಲ್ವತ್ತು ಕೊಡ್ತೀರಂತ. ಅದನ್ನ ನಮಗ ಕೊಡ್ರಿ. ಇಲ್ಲೆ ಇರ್ರಿ."

ಜೀವನವಿಡೀ ಮಾಲಕರ ಮಾತು ಕೇಳಿದ ಹೆಂಗಸು ಹೀಗೆ ನನಗೆ ಮಾಲಕಳಾದರು. ನಾನು ಗಂಟು ಇಳಿಸುತ್ತ ಚೇಷ್ಟೆ ಮಾಡಿದೆ: "ಗ್ವಾಡಿಗೆ ಮೊಳಿ ಹೊಡೀಬಹುದೇನ್ರಿ ಅಕ್ಕಾವ್ರ?"

"ಹೊಡೀರಿ. ಸೊಸಾಯಿಟಿ ಚೌಕಾ ನೋಡಿ ಹೊಡೀರಿ."

ನಾಲ್ಕು ವರ್ಷ ಅಲ್ಲಿದ್ದೆ. ತಿಂಗಳ ನಾಲ್ವತ್ತನ್ನು ಅಕ್ಕಾವ್ರು ನನ್ನ ಕೈಯಿಂದ ಇಸಿದುಕೊಂಡು ನೇರ ದೇವರ ಜಗಲಿಯ ಹಿಂದಿನ ಡಬ್ಬಿಗೆ ಹಾಕುತ್ತಿದ್ದರು. ಆ ಡಬ್ಬಿಗೆ ಮಾರ್ಚಿನಲ್ಲಿ ಮಾತ್ರ ಬಾಯಿ. ಒಮ್ಮೆ ಮಾಸ್ತರು ಬಣ್ಣಕ್ಕೆಂದು ಐದು ರೂಪಾಯಿ ಕೇಳಿದರು. "ಅದು ಆರು ವರ್ಷದ ಡಬ್ಬಿ, ಐದು ರೂಪಾಯಿದಲ್ಲ" ಎಂಬ ಉತ್ತರ ಬಂತು.

ಗೋಡೆ ಮೊದಮೊದಲು ಬೆಳ್ಳಗಾಗಲು ಮನಸ್ಸೇ ಮಾಡದಂತಿತ್ತು. ಆಮೇಲೆ ವೇಗ ಹಿಡಿಯಿತು. ಬಾಕಿ ಇಳಿದಷ್ಟೂ ಬಡ್ಡಿ ಇಳಿಯಿತು, ಬಡ್ಡಿ ಇಳಿದಷ್ಟೂ ಅದೇ ಮುನ್ನೂರರಲ್ಲಿ ಅಸಲಿನ ಪಾಲು ಬೆಳೆಯಿತು. ಕೊನೆಯ ಎರಡು ದೀಪಾವಳಿಗೆ ಮಾಸ್ತರು ನಿಚ್ಚಣಿಕೆ ಹತ್ತಿ ಒಂದು ಇಡೀ ದಿನ ಸುಣ್ಣ ಹಚ್ಚಬೇಕಾಯಿತು. ಕೆಳಗೆ ಬಕೀಟು ಹಿಡಿದು ನಿಂತ ನನಗೆ, "ನೋಡ್ರಿ ಗ್ರಾಜುವೇಟ್ ಸಾಹೇಬ್ರ, ಮೊದಲ ಇಷ್ಟು ಓಡಿದ್ರ ನನಗ ಇದರ ಗುಣಾನ ತಿಳೀತಿದ್ದಿಲ್ಲ" ಎಂದರು. ಮೋಸ ಹೋದವನ ದನಿಯಲ್ಲ ಅದು. ಒಂದು ಪ್ರಾಣಿಯ ನಡಿಗೆಯನ್ನು ವರ್ಷಗಟ್ಟಲೆ ನೋಡಿ, ಕಡೆಗೂ ಅದರ ಚಿತ್ರ ಬರೆಯಲು ಬಂದವನ ದನಿ.

ನಿವೃತ್ತಿಗೆ ಇನ್ನೆರಡು ತಿಂಗಳಿರುವಾಗ ಕೊನೆಯ ಗಂಟು ಕಟ್ಟಿದೆವು. ಕಾರಕೂನ ಮನೆಯ ಕಾಗದವನ್ನು ತಾನೇ ಒಳಗಿನಿಂದ ತಂದು, ಧೂಳು ಒರೆಸಿ, ಎರಡೂ ಕೈಯಿಂದ ಕೊಟ್ಟ. ಸಂಜೆ ಮಾಸ್ತರು, ನಾನು ಪಡಸಾಲೆಯಲ್ಲಿ ಕೂತಿದ್ದೆವು. ಅಕ್ಕಾವ್ರು ಕಂಬಕ್ಕೆ ಆತು ನಿಂತು ಕಾಗದವನ್ನು ಮುಟ್ಟಿ ನೋಡಿದರು, ಕಣ್ಣಿಗೆ ಒತ್ತಿಕೊಂಡರು. ಆಮೇಲೆ ನನ್ನನ್ನು ಕೇಳಿದರು.

"ನಾವು ಒಟ್ಟ ಎಷ್ಟ ಕೊಟ್ವಿ ಮಾಸ್ತರ? ಖರೇ ಹೇಳ್ರಿ."

"ನಲವತ್ತೆರಡು ಸಾವಿರದ ಮ್ಯಾಲ್ರಿ."

"ತಂದದ್ದು ಇಪ್ಪತ್ತೈದು." ಅವರು ಬೆರಳ ಗೆಣ್ಣು ಎಣಿಸಿದರು. "ಹಂಗಾರ ಇನ್ನೊಂದು ಮನಿ ಗ್ವಾಡಿ ಏರಿ ಮಾಳಿಗಿ ಮಟಾ ಬಂದಂಗಾತಲ್ಲ. ಅದೆಲ್ಲೈತಿ?"

ನಾನು ಬಡ್ಡಿಯ ಬಗ್ಗೆ ಹೇಳಲು ಬಾಯಿ ತೆರೆದೆ. ಸುಮ್ಮನೆ ಕಟ್ಟಿದ್ದರೆ ಐವತ್ನಾಲ್ಕಾಗುತ್ತಿತ್ತು, ಹನ್ನೆರಡು ಸಾವಿರದ ಹತ್ತಿರ ಉಳಿಸಿದಿರಿ ಎಂದು ಹೇಳಬೇಕೆಂದಿದ್ದೆ. ಮಾಸ್ತರು ಕೈ ಅಡ್ಡ ಹಿಡಿದರು.

"ಇಷ್ಟ ದಿನಾ ನಾವಿದ್ದದ್ದು ಅದರಾಗ" ಎಂದರು. "ಈ ಮನೀಗೆ ಇವತ್ತ ಬಂದೀವಿ."

ಅಕ್ಕಾವ್ರು ಗಂಡನ ಮುಖ ನೋಡಿದರು. ಸೆರಗು ಸಿಕ್ಕಿಸಿಕೊಂಡು ಒಳಗೆ ಹೋದರು. ಒಲೆ ಹೊತ್ತಿಸಿದ ಸಪ್ಪಳ, ಪಾತ್ರೆ ಇಟ್ಟ ಸಪ್ಪಳ ಕೇಳಿಸಿತು. ಚಹಾಕ್ಕಿಟ್ಟಿರಬೇಕು ಎಂದುಕೊಂಡೆ. ಸ್ವಲ್ಪ ಹೊತ್ತಿಗೆ ವಾಸನೆ ಬಂತು. ಬಗ್ಗಿ ನೋಡಿದರೆ ಅಕ್ಕಾವ್ರು ಒಲೆಯ ಮುಂದೆ ಕೈಮುಗಿದು ಕೂತಿದ್ದಾರೆ, ಹಾಲು ಪಾತ್ರೆಯ ಅಂಚಿಗೆ ಬಂದಿದೆ.

"ಅಕ್ಕಾವ್ರ, ಹಾಲು ಉಕ್ಕಾಕತ್ತೈತ್ರಿ!"

"ಉಕ್ಕಲಿ ಬಿಡ್ರಿ" ಎಂದರು.